ನಾಲ್ಕು ಪ್ರೊಸೆಸರ್, ನಾಲ್ಕು ಗಡಿಯಾರ

ಪ್ರೋಗ್ರಾಮಿಂಗ್ ಕಲಿಯುತ್ತಿದ್ದ ದಿನಗಳಲ್ಲಿ ನಾನೊಂದು ಚಿಕ್ಕ ರೈಲ್ವೆ ಸಿಮ್ಯುಲೇಷನ್, ಅಂದರೆ ರೈಲುಗಳ ಓಡಾಟವನ್ನು ಕಂಪ್ಯೂಟರ್ ಒಳಗೆ ಅನುಕರಿಸುವ ಪ್ರೋಗ್ರಾಮ್, ಬರೆದಿದ್ದೆ. ಕೆಲವು ಸ್ಟೇಷನ್‌ಗಳು, ನಡುವೆ ಹಳಿಗಳು, ಓಡಾಡುವ ರೈಲುಗಳು. ಯಾವ ರೈಲು ಎಲ್ಲಿ ಎಷ್ಟು ಹೊತ್ತು ಕಾಯಬೇಕಾಗುತ್ತದೆ ಎಂದು ಲೆಕ್ಕ ಹಾಕುವುದು ಅದರ ಕೆಲಸ. ಒಂದು ಪ್ರೊಸೆಸರ್ ಮೇಲೆ ಸರಿಯಾಗಿಯೇ ಓಡುತ್ತಿತ್ತು, ಆದರೆ ತುಂಬಾ ನಿಧಾನ. ಸ್ಟೇಷನ್‌ಗಳನ್ನು ನಾಲ್ಕು ಗುಂಪು ಮಾಡಿ ನಾಲ್ಕು ಪ್ರೊಸೆಸರ್‌ಗಳಿಗೆ ಹಂಚಿದೆ. ವೇಗವೇನೋ ಬಂತು. ಆದರೆ ಓಡಿಸಿದಷ್ಟು ಸಲವೂ ಬೇರೆ ಬೇರೆ ಉತ್ತರ. ಕೋಡ್‌ನ ಒಂದೊಂದು ಸಾಲನ್ನೂ ಮತ್ತೆ ಮತ್ತೆ ನೋಡಿದೆ. ಸಾಲುಗಳಲ್ಲಿ ತಪ್ಪಿರಲಿಲ್ಲ. ತಪ್ಪಿದ್ದದ್ದು ಕಾಲದಲ್ಲಿ.

ಇದು ನನಗೆ ಅರ್ಥವಾಗಿದ್ದು ರಿಚರ್ಡ್ ಫ್ಯುಜಿಮೊಟೊ ಅವರ ಪುಸ್ತಕ ಓದಿದ ಮೇಲೆ. ಅವರು ಅಮೆರಿಕದ ಜಾರ್ಜಿಯಾ ಟೆಕ್‌ನಲ್ಲಿ ಬಹಳ ವರ್ಷ ಪಾಠ ಮಾಡಿದ ಕಂಪ್ಯೂಟರ್ ವಿಜ್ಞಾನಿ. ಒಂದು ಸಿಮ್ಯುಲೇಷನ್ ಅನ್ನು ಹಲವು ಪ್ರೊಸೆಸರ್‌ಗಳ ಮೇಲೆ ಓಡಿಸುವ ಬಗ್ಗೆ 1990ರಲ್ಲಿ ಅವರು ಬರೆದ ಸಮೀಕ್ಷಾ ಲೇಖನವನ್ನು ಈ ಕ್ಷೇತ್ರಕ್ಕೆ ಬರುವವರು ಇಂದಿಗೂ ಮೊದಲು ಓದುತ್ತಾರೆ. 2000ದಲ್ಲಿ ಬಂದ ಅವರ ಪುಸ್ತಕದ ಹೆಸರು 'ಪ್ಯಾರಲಲ್ ಆ್ಯಂಡ್ ಡಿಸ್ಟ್ರಿಬ್ಯೂಟೆಡ್ ಸಿಮ್ಯುಲೇಷನ್ ಸಿಸ್ಟಮ್ಸ್'. ಹೆಸರು ನೋಡಿದರೆ ಭಯವಾಗುತ್ತದೆ, ಆದರೆ ಒಳಗಿರುವ ಮುಖ್ಯ ಪ್ರಶ್ನೆ ಒಂದೇ. ಒಂದು ಲೋಕವನ್ನು ತುಂಡು ಮಾಡಿ ಹಲವು ಯಂತ್ರಗಳಿಗೆ ಹಂಚಿದಾಗ, ಆ ಲೋಕದಲ್ಲಿ ಈಗ ಗಂಟೆ ಎಷ್ಟು?

ಸಮಾಂತರ ಕಂಪ್ಯೂಟಿಂಗ್, ಅಂದರೆ ಒಂದೇ ಕೆಲಸವನ್ನು ಹಲವು ಪ್ರೊಸೆಸರ್‌ಗಳಿಗೆ ಹಂಚಿ ಒಟ್ಟಿಗೆ ಮಾಡಿಸುವುದರ ಬಗ್ಗೆ ಬರೆದ ಬೇರೆ ಪುಸ್ತಕಗಳು ಸಾಮಾನ್ಯವಾಗಿ ವೇಗದಿಂದ ಶುರುವಾಗುತ್ತವೆ. ಕಂಪ್ಯೂಟರ್ ವಿನ್ಯಾಸಕ ಜೀನ್ ಆಮ್ಡಾಲ್ 1967ರಲ್ಲಿ ಹೇಳಿದ ಲೆಕ್ಕ ಅಲ್ಲಿ ಬಂದೇ ಬರುತ್ತದೆ. ಕೆಲಸದ ನೂರರಲ್ಲಿ ಐದು ಪಾಲನ್ನು ಹಂಚಲು ಆಗದಿದ್ದರೆ, ಎಷ್ಟೇ ಪ್ರೊಸೆಸರ್ ಸೇರಿಸಿದರೂ ವೇಗ 20 ಪಟ್ಟು ದಾಟುವುದಿಲ್ಲ. ಈ ಲೆಕ್ಕ ಸಿಮ್ಯುಲೇಷನ್‌ಗೂ ಅನ್ವಯಿಸುತ್ತದೆ. ಆದರೆ ಇಲ್ಲಿ ವೇಗದ ಮಾತಿಗೆ ಮೊದಲೇ ಇನ್ನೊಂದು ತೊಡಕಿದೆ. ಉತ್ತರ ಸರಿಯಾಗಿ ಬರುವುದೇ ಕಷ್ಟ.

ಯಾಕೆ ಎಂದು ನೋಡೋಣ. ಸಿಮ್ಯುಲೇಷನ್‌ನಲ್ಲಿ ದೊಡ್ಡದಾಗಿ ಎರಡು ಬಗೆ. ಹವಾಮಾನದಂಥ ಲೆಕ್ಕದಲ್ಲಿ ಕಾಲ ಒಂದೇ ಅಳತೆಯ ಹೆಜ್ಜೆ ಹಾಕುತ್ತಾ ಹೋಗುತ್ತದೆ. ಎಲ್ಲ ಕಡೆಯ ಗಾಳಿ, ಒತ್ತಡ, ತಾಪ ಲೆಕ್ಕ ಹಾಕು, ಗಡಿಯಾರವನ್ನು ಒಂದು ಹೆಜ್ಜೆ ಮುಂದಿಡು, ಮತ್ತೆ ಲೆಕ್ಕ ಹಾಕು. ರೈಲು, ಫೋನ್ ಜಾಲ, ಕಾರ್ಖಾನೆ, ರಸ್ತೆ ಸಿಗ್ನಲ್ ಇಂಥವುಗಳ ಬಗೆ ಬೇರೆ. ಒಂದು ರೈಲು ಹೊರಟು ಮುಂದಿನ ಸ್ಟೇಷನ್ ಸೇರುವವರೆಗೆ ಹೊಸದೇನೂ ಆಗುವುದಿಲ್ಲ. ಪ್ರತಿ ಸೆಕೆಂಡೂ ಲೆಕ್ಕ ಹಾಕುತ್ತಾ ಕೂರುವುದು ಸುಮ್ನೆ ದಂಡ. ಆದ್ದರಿಂದ ಪ್ರೋಗ್ರಾಮ್ ಒಂದು ಪಟ್ಟಿ ಇಟ್ಟುಕೊಳ್ಳುತ್ತದೆ. 'ಇಂಥ ರೈಲು 10:05ಕ್ಕೆ ಇಂಥ ಸ್ಟೇಷನ್‌ಗೆ ಬರುತ್ತದೆ' ಎನ್ನುವಂಥ ಘಟನೆಗಳ ಪಟ್ಟಿ. ಪ್ರತಿ ಘಟನೆಗೂ ಒಂದು ಸಮಯ ಅಂಟಿಕೊಂಡಿರುತ್ತದೆ, ಅದೇ ಟೈಮ್‌ಸ್ಟ್ಯಾಂಪ್. ಪಟ್ಟಿಯಲ್ಲಿ ಎಲ್ಲಕ್ಕಿಂತ ಮೊದಲಿನದನ್ನು ಎತ್ತಿಕೋ, ಗಡಿಯಾರವನ್ನು ನೇರವಾಗಿ ಆ ಹೊತ್ತಿಗೆ ತಿರುಗಿಸು, ಆ ಘಟನೆಯ ಕೆಲಸ ಮುಗಿಸು, ಅದರಿಂದ ಹುಟ್ಟುವ ಹೊಸ ಘಟನೆಗಳನ್ನು ಪಟ್ಟಿಗೆ ಸೇರಿಸು. ಇಷ್ಟೇ. ಕಾಲ ಇಲ್ಲಿ ನಡೆಯುವುದಿಲ್ಲ, ಜಿಗಿಯುತ್ತದೆ.

ಒಂದು ಪ್ರೊಸೆಸರ್ ಇದ್ದಾಗ ಇದರಲ್ಲಿ ತಪ್ಪಾಗಲು ದಾರಿಯೇ ಇಲ್ಲ. ಪಟ್ಟಿ ಒಂದು, ಗಡಿಯಾರ ಒಂದು. ಈಗ ಕ, ಖ, ಗ ಎಂಬ ಮೂರು ಸ್ಟೇಷನ್‌ಗಳನ್ನು ಮೂರು ಪ್ರೊಸೆಸರ್‌ಗೆ ಕೊಡಿ. ಖ ಸ್ಟೇಷನ್‌ನಲ್ಲಿ ಒಂದೇ ಪ್ಲಾಟ್‌ಫಾರ್ಮ್ ಇದೆ. ಕ ಕಡೆಯಿಂದ ಒಂದು ರೈಲು 10:05ಕ್ಕೆ ಬರಬೇಕು, ಗ ಕಡೆಯಿಂದ ಇನ್ನೊಂದು 10:10ಕ್ಕೆ. ಆದರೆ ಗ ಇರುವ ಪ್ರೊಸೆಸರ್‌ಗೆ ಕೆಲಸ ಕಡಿಮೆ. ಅದು ಬೇಗ ಲೆಕ್ಕ ಮುಗಿಸಿ ತನ್ನ ಸಂದೇಶ ಕಳಿಸಿಬಿಟ್ಟಿತು. ಖ ಅದನ್ನು ನೋಡಿ 10:10ರ ರೈಲಿಗೆ ಪ್ಲಾಟ್‌ಫಾರ್ಮ್ ಕೊಟ್ಟಿತು. ಆಮೇಲೆ ಕ ಕಡೆಯಿಂದ 10:05ರ ಸಂದೇಶ ಬಂತು. ಐದು ನಿಮಿಷ ಮೊದಲು ಬಂದು ನಿಲ್ಲಬೇಕಿದ್ದ ರೈಲು ಈಗ ಹೊರಗೆ ಕಾಯುತ್ತಿದೆ. ನನ್ನ ಪ್ರೋಗ್ರಾಮ್‌ನಲ್ಲಿ ಆಗುತ್ತಿದ್ದದ್ದು ಇದೇ. ಯಾವ ಸಂದೇಶ ಮೊದಲು ತಲುಪುತ್ತದೆ ಎಂಬುದು ಆ ಕ್ಷಣದಲ್ಲಿ ಯಾವ ಪ್ರೊಸೆಸರ್ ಎಷ್ಟು ಬಿಡುವಾಗಿತ್ತು ಎಂಬುದರ ಮೇಲೆ ನಿಂತಿತ್ತು. ಅದಕ್ಕೇ ಪ್ರತಿ ಸಲವೂ ಬೇರೆ ಉತ್ತರ.

ಇಲ್ಲಿ ಎರಡು ಕಾಲಗಳನ್ನು ಬೇರೆ ಮಾಡಿ ನೋಡಬೇಕು. ಒಂದು, ನಾವು ಕೂತಿರುವ ಕೋಣೆಯ ಗೋಡೆ ಗಡಿಯಾರದ ಕಾಲ. ಇನ್ನೊಂದು, ಸಿಮ್ಯುಲೇಷನ್ ಒಳಗಿನ ರೈಲುಗಳ ಕಾಲ. ಗೋಡೆ ಗಡಿಯಾರದಲ್ಲಿ ಮೊದಲು ಬಂದದ್ದು ರೈಲುಗಳ ಕಾಲದಲ್ಲಿ ಮೊದಲಿನದೇ ಆಗಬೇಕಿಲ್ಲ. ಈ ಎರಡನ್ನೂ ಒಂದೇ ಅಂದುಕೊಂಡರೆ ಕಾರಣಕ್ಕಿಂತ ಮೊದಲೇ ಪರಿಣಾಮ ಬಂದು ಕೂರುತ್ತದೆ. ಪರಿಹಾರದ ನಿಯಮ ಹೇಳುವುದು ಸುಲಭ: ಪ್ರತಿ ಪ್ರೊಸೆಸರ್ ತನಗೆ ಬರುವ ಘಟನೆಗಳನ್ನು ಟೈಮ್‌ಸ್ಟ್ಯಾಂಪ್ ಕ್ರಮದಲ್ಲೇ ಮುಗಿಸಬೇಕು. ಎಲ್ಲರೂ ಇದನ್ನು ಪಾಲಿಸಿದರೆ, ಅವರು ಪರಸ್ಪರ ಸಂದೇಶಗಳ ಮೂಲಕ ಮಾತ್ರ ಮಾತಾಡಿದರೆ, ಒಂದೇ ಪ್ರೊಸೆಸರ್ ಕೊಡುವ ಉತ್ತರವೇ ಬರುತ್ತದೆ. ಪಾಲಿಸುವುದು ಹೇಗೆ ಎಂಬುದೇ ಪ್ರಶ್ನೆ. ನನ್ನ ಕೈಯಲ್ಲಿ 10:10ರ ಘಟನೆ ಇದೆ. ಇದಕ್ಕಿಂತ ಮೊದಲಿನದೊಂದು ಇನ್ನೂ ದಾರಿಯಲ್ಲಿ ಇಲ್ಲ ಎಂದು ನನಗೆ ಹೇಗೆ ಗೊತ್ತಾಗಬೇಕು?

ಈ ತೊಂದರೆ ಕಂಪ್ಯೂಟರ್‌ಗಿಂತ ಹಳೆಯದು. 1922ರಲ್ಲಿ ಬ್ರಿಟನ್ನಿನ ಲೂಯಿಸ್ ಫ್ರೈ ರಿಚರ್ಡ್‌ಸನ್ ಗಣಿತದಿಂದ ಹವಾಮಾನ ಹೇಳುವ ಬಗ್ಗೆ ಒಂದು ಪುಸ್ತಕ ಪ್ರಕಟಿಸಿದರು. ಆಗ 'ಕಂಪ್ಯೂಟರ್' ಎಂದರೆ ಲೆಕ್ಕ ಹಾಕುವ ಮನುಷ್ಯ. ಇಡೀ ಭೂಮಿಯ ಹವಾಮಾನ ಎಷ್ಟು ಬೇಗ ಬದಲಾಗುತ್ತದೋ ಅಷ್ಟೇ ಬೇಗ ಲೆಕ್ಕ ಹಾಕಲು 64,000 ಜನ ಬೇಕು ಎಂದು ಅವರು ಅಂದಾಜು ಮಾಡಿದರು. ಅವರ ಕಲ್ಪನೆ ಹೀಗಿತ್ತು: ದೊಡ್ಡ ನಾಟಕಶಾಲೆಯಂಥ ಗುಂಡನೆಯ ಸಭಾಂಗಣ, ಗೋಡೆಯ ಮೇಲೆಲ್ಲ ಭೂಪಟ, ಪ್ರತಿಯೊಬ್ಬರೂ ತಮ್ಮ ಮುಂದಿನ ತುಂಡು ಭೂಮಿಯ ಲೆಕ್ಕ ಹಾಕುತ್ತಿದ್ದಾರೆ. ನಡುವಿನ ಕಂಬದ ಮೇಲೆ ಒಬ್ಬ ಮುಖ್ಯಸ್ಥ. ಯಾವ ಪ್ರದೇಶದವರು ಉಳಿದವರಿಗಿಂತ ಮುಂದೆ ಓಡುತ್ತಾರೋ ಅವರ ಮೇಲೆ ಗುಲಾಬಿ ಬೆಳಕು ಬಿಡುತ್ತಾನೆ, ಹಿಂದೆ ಬಿದ್ದವರ ಮೇಲೆ ನೀಲಿ ಬೆಳಕು. ಈ ಚಿತ್ರ ಓದಿದಾಗಲೆಲ್ಲ ನನಗೆ ಮೈ ಜುಮ್ಮೆನ್ನುತ್ತದೆ. ಯಂತ್ರವೇ ಇಲ್ಲದ ಕಾಲದಲ್ಲಿ ಅವರಿಗೆ ಸಮಾಂತರ ಲೆಕ್ಕದ ನಿಜವಾದ ಕಷ್ಟ ಕಂಡಿತ್ತು. ಲೆಕ್ಕ ಹಂಚುವುದು ಒಂದು ಕೆಲಸ, ಎಲ್ಲರನ್ನೂ ಒಂದೇ ಕಾಲದಲ್ಲಿ ಹಿಡಿದಿಡುವುದು ಇನ್ನೊಂದು.

ಹವಾಮಾನಕ್ಕೆ ಆ ಮುಖ್ಯಸ್ಥ ಸಾಕು, ಯಾಕೆಂದರೆ ಎಲ್ಲರ ಹೆಜ್ಜೆಯೂ ಒಂದೇ ಅಳತೆಯದು. ಘಟನೆಗಳ ಲೋಕದಲ್ಲಿ ಒಬ್ಬರ ಗಡಿಯಾರ 10:00ರಲ್ಲಿ, ಪಕ್ಕದವರದು 12:30ರಲ್ಲಿ ಇರಬಹುದು. ಅದರಲ್ಲಿ ತಪ್ಪೂ ಇಲ್ಲ. ಎಲ್ಲರನ್ನೂ ಒಂದೇ ನಿಮಿಷದಲ್ಲಿ ನಿಲ್ಲಿಸಿದರೆ ಬಹುತೇಕರು ಕೈಕಟ್ಟಿ ಕೂರಬೇಕಾಗುತ್ತದೆ.

ಮಾತು ಕೊಟ್ಟು ಮುಂದೆ ಹೋಗುವ ದಾರಿ

ಮೊದಲ ಪರಿಹಾರ 1970ರ ದಶಕದ ಕೊನೆಯಲ್ಲಿ ಬಂತು. ಕಂಪ್ಯೂಟರ್ ವಿಜ್ಞಾನಿಗಳಾದ ಮಣಿ ಚಾಂಡಿ ಮತ್ತು ಜಯದೇವ ಮಿಶ್ರಾ ಜೊತೆಯಾಗಿ, ರ‍್ಯಾಂಡಲ್ ಬ್ರಯಂಟ್ ಬೇರೆಯಾಗಿ, ಇದೇ ವಿಚಾರವನ್ನು ತಲುಪಿದರು. ಇದನ್ನು ಕನ್ಸರ್ವೇಟಿವ್ ಪದ್ಧತಿ ಎನ್ನುತ್ತಾರೆ. ಎಚ್ಚರಿಕೆಯ ದಾರಿ ಎನ್ನಬಹುದು. ಸುರಕ್ಷಿತ ಎಂದು ಖಾತ್ರಿಯಾಗುವವರೆಗೆ ಯಾವ ಘಟನೆಯನ್ನೂ ಮುಟ್ಟಬೇಡ.

ಆದರೆ ಕಾಯುವುದರಲ್ಲೂ ಅಪಾಯವಿದೆ. ಕ ಮತ್ತು ಖ ಎರಡೇ ಸ್ಟೇಷನ್ ಇವೆ ಅಂದುಕೊಳ್ಳಿ. ಇಬ್ಬರ ಗಡಿಯಾರವೂ 10:00. ಕ ಕೈಯಲ್ಲಿರುವ ಮುಂದಿನ ಘಟನೆ 12:00ರದು, ಖ ಕೈಯಲ್ಲಿರುವುದು 12:30ರದು. ಅದಕ್ಕಿಂತ ಮೊದಲು ಖ ಕಡೆಯಿಂದ ಏನಾದರೂ ಬಂದರೆ ಎಂದು ಕ ಕಾಯುತ್ತದೆ. ಖ ಕೂಡ ಹಾಗೆಯೇ ಕಾಯುತ್ತದೆ. ಇಬ್ಬರೂ ಕೊನೆಯವರೆಗೆ ಕಾಯುತ್ತಲೇ ಇರುತ್ತಾರೆ. ಇದೇ ಡೆಡ್‌ಲಾಕ್.

ಬಿಡಿಸಿಕೊಳ್ಳಲು ಅವರು ಕಂಡುಕೊಂಡ ಉಪಾಯ ಖಾಲಿ ಸಂದೇಶ. ಅದರಲ್ಲಿ ರೈಲಿಲ್ಲ, ಘಟನೆಯಿಲ್ಲ. ಬರೀ ಒಂದು ಮಾತು ಇರುತ್ತದೆ: 'ಇಷ್ಟು ಗಂಟೆಯವರೆಗೆ ನನ್ನ ಕಡೆಯಿಂದ ಏನೂ ಬರುವುದಿಲ್ಲ.' ಈ ಮಾತನ್ನು ಖ ಹೇಗೆ ಕೊಡಬಲ್ಲದು? ಖ ಬಿಟ್ಟ ಯಾವ ರೈಲೂ 10 ನಿಮಿಷಕ್ಕಿಂತ ಬೇಗ ಕ ತಲುಪಲಾರದು, ದೂರ ಅಷ್ಟಿದೆ. ಈಗ 10:00 ಆಗಿದ್ದರೆ 10:10ರವರೆಗೆ ಮಾತು ಕೊಡಬಹುದು. ಮುಂದಿನದರ ಬಗ್ಗೆ ಹೀಗೆ ಮಾತು ಕೊಡುವ ಈ ಶಕ್ತಿಗೆ ಲುಕ್‌ಅಹೆಡ್ ಎಂದು ಹೆಸರು. ನನ್ನ ಮಟ್ಟಿಗೆ ಇಡೀ ವಿಷಯದ ಜೀವಾಳ ಈ ಒಂದು ಪದ. ಇದು ಅರ್ಥವಾದರೆ ಉಳಿದದ್ದೆಲ್ಲ ತಾನಾಗಿ ಬಿಚ್ಚಿಕೊಳ್ಳುತ್ತದೆ.

ಲೆಕ್ಕ ಮಾಡಿ ನೋಡಿ. ಖ '10:10ರವರೆಗೆ ಏನೂ ಇಲ್ಲ' ಎಂದಿತು. ಅದನ್ನು ಕೇಳಿದ ಕ ಈಗ '10:20ರವರೆಗೆ ನನ್ನದೂ ಇಲ್ಲ' ಎನ್ನಬಹುದು. ಖ 10:30 ಎನ್ನುತ್ತದೆ. ಹೀಗೆ ಹದಿಮೂರನೇ ಸಂದೇಶದಲ್ಲಿ ಖ 12:10ರವರೆಗೆ ಮಾತು ಕೊಡುತ್ತದೆ. ಆಗ ಕ ತನ್ನ 12:00ರ ಘಟನೆಯನ್ನು ಧೈರ್ಯವಾಗಿ ಮುಟ್ಟಬಹುದು. ಇದೇ ದೂರ 1 ನಿಮಿಷದ್ದಾಗಿದ್ದರೆ 121 ಸಂದೇಶ ಬೇಕಾಗುತ್ತಿತ್ತು. 1 ಸೆಕೆಂಡ್ ಆಗಿದ್ದರೆ 7,201. ಅಷ್ಟೂ ಸಂದೇಶಗಳಲ್ಲಿ ಒಂದೂ ನಿಜವಾದ ಕೆಲಸವಲ್ಲ. ಒಂದು ಘಟನೆ ಮುಗಿಸಲು ಏಳು ಸಾವಿರ ಸಲ ಮಾತಾಡುವ ಪ್ರೋಗ್ರಾಮ್ ಒಂಟಿ ಪ್ರೊಸೆಸರ್‌ಗಿಂತಲೂ ನಿಧಾನವಾಗುತ್ತದೆ.

ಇನ್ನೂ ಸೂಕ್ಷ್ಮವಾದ ಒಂದು ವಿಷಯವಿದೆ. ಸ್ಟೇಷನ್ ಮಾಸ್ಟರ್‌ಗಳಿಗೆ ಒಂದು ಫೋನ್ ಕೊಡಿ. 'ಈಗಲೇ ರೈಲು ನಿಲ್ಲಿಸು' ಎಂದು ಖ ಹೇಳಿದ ಕೂಡಲೇ ಕ ಕೇಳಿಸಿಕೊಳ್ಳುತ್ತದೆ ಎಂದಾದರೆ, ಮಾತು ಕೊಡುವ ಶಕ್ತಿ 10 ನಿಮಿಷದಿಂದ ನೇರವಾಗಿ ಸೊನ್ನೆಗೆ ಇಳಿಯುತ್ತದೆ. ಹಳಿಗಳ ಉದ್ದ ಅಷ್ಟೇ ಇದೆ, ರೈಲುಗಳ ವೇಗ ಅಷ್ಟೇ ಇದೆ, ಆದರೂ ಇಡೀ ಸಿಮ್ಯುಲೇಷನ್ ನಿಂತುಹೋಗುತ್ತದೆ. ಮಾಡೆಲ್‌ಗೆ ಸೇರಿಸಿದ ಒಂದು ಸಣ್ಣ ವಿವರ ಎಷ್ಟು ದುಬಾರಿಯಾಗಬಹುದು ನೋಡಿ. ಸಮಾಂತರವಾಗಿ ಓಡಿಸುವ ಆಲೋಚನೆ ಇದ್ದರೆ ಮಾಡೆಲ್ ಬರೆಯುವ ಮೊದಲ ದಿನವೇ ಇದನ್ನು ಯೋಚಿಸಬೇಕು. ಆಮೇಲೆ ಸರಿಪಡಿಸೋಣ ಎಂದರೆ ಆಗುವ ಕೆಲಸ ಅಲ್ಲ.

ಮುಂದೆ ಹೋಗಿ, ತಪ್ಪಿದರೆ ವಾಪಸ್ ಬರುವ ದಾರಿ

1985ರಲ್ಲಿ ಕಂಪ್ಯೂಟರ್ ವಿಜ್ಞಾನಿ ಡೇವಿಡ್ ಜೆಫರ್ಸನ್ ಪ್ರಕಟಿಸಿದ ಲೇಖನ ಇದಕ್ಕೆ ಪೂರ್ತಿ ಉಲ್ಟಾ ಮಾತು ಹೇಳಿತು. ಕಾಯುವುದೇ ಬೇಡ. ಕೈಗೆ ಸಿಕ್ಕ ಘಟನೆಯನ್ನು ಮುಗಿಸುತ್ತಾ ಹೋಗು. ಹಿಂದಿನ ಸಮಯದ ಸಂದೇಶ ತಡವಾಗಿ ಬಂದರೆ, ಆ ಸಮಯಕ್ಕೆ ವಾಪಸ್ ಹೋಗಿ ಮತ್ತೆ ಮಾಡು. ಈ ವಿಧಾನಕ್ಕೆ ಟೈಮ್ ವಾರ್ಪ್ ಎಂದು ಹೆಸರು.

ಮೊದಲ ಸಲ ಕೇಳಿದಾಗ ಇದು ಹುಚ್ಚು ಸಾಹಸ ಅನ್ನಿಸುತ್ತದೆ ಅಲ್ವಾ? ವಾಪಸ್ ಹೋಗಬೇಕೆಂದರೆ ಹಿಂದಿನ ಸ್ಥಿತಿ ಗೊತ್ತಿರಬೇಕು. ಅದಕ್ಕಾಗಿ ಪ್ರತಿ ಪ್ರೊಸೆಸರ್ ತನ್ನ ಹಳೆಯ ಸ್ಥಿತಿಗಳ ಪ್ರತಿ ಇಟ್ಟುಕೊಳ್ಳುತ್ತದೆ. ನಮ್ಮ ಖ ಸ್ಟೇಷನ್ 10:10ರ ರೈಲಿಗೆ ಪ್ಲಾಟ್‌ಫಾರ್ಮ್ ಕೊಟ್ಟ ಮೇಲೆ 10:05ರ ಸಂದೇಶ ಬಂತು. ಖ ತನ್ನ 10:05ಕ್ಕೆ ಮೊದಲಿನ ಸ್ಥಿತಿಯನ್ನು ಹೊರತೆಗೆದು ಅಲ್ಲಿಂದ ಮತ್ತೆ ಶುರುಮಾಡುತ್ತದೆ. ಇದು ರೋಲ್‌ಬ್ಯಾಕ್.

ಆದರೆ ಅಷ್ಟರೊಳಗೆ ಖ ಬೇರೆಯವರಿಗೆ ಕಳಿಸಿದ ಸಂದೇಶಗಳ ಗತಿ ಏನು? ಆ ತಪ್ಪು ಸಂದೇಶ ನಂಬಿ ಅವರೂ ಮುಂದೆ ಹೋಗಿರುತ್ತಾರೆ. ಜೆಫರ್ಸನ್ ಕೊಟ್ಟ ಉತ್ತರ ಬಹಳ ಚೆಂದದ್ದು. ಪ್ರತಿ ಸಂದೇಶಕ್ಕೂ ಒಂದು ಪ್ರತಿಸಂದೇಶ ಇರುತ್ತದೆ, ಕೂಡಿಸುವ ಐದಕ್ಕೆ ಕಳೆಯುವ ಐದು ಇದ್ದಂತೆ. ತಪ್ಪು ಕಳಿಸಿದವರು ಅದರ ಹಿಂದೆಯೇ ಪ್ರತಿಸಂದೇಶ ಅಟ್ಟುತ್ತಾರೆ. ಎರಡೂ ಒಂದೇ ಕಡೆ ಸೇರಿದಾಗ ಒಂದನ್ನೊಂದು ಅಳಿಸಿಹಾಕುತ್ತವೆ. ಮೂಲ ಸಂದೇಶವನ್ನು ಪಡೆದವರು ಅದನ್ನು ಆಗಲೇ ಬಳಸಿದ್ದರೆ ಅವರೂ ಹಿಂದಕ್ಕೆ ಹೋಗುತ್ತಾರೆ, ತಮ್ಮ ಪ್ರತಿಸಂದೇಶಗಳನ್ನು ಕಳಿಸುತ್ತಾರೆ. ದಾರಿಯಲ್ಲಿ ಪ್ರತಿಸಂದೇಶವೇ ಮೊದಲು ತಲುಪಿದರೂ ತೊಂದರೆಯಿಲ್ಲ, ಅದು ತನ್ನ ಜೋಡಿಗಾಗಿ ಕಾಯುತ್ತದೆ.

ಹೀಗೆ ಎಲ್ಲರೂ ಹಿಂದಕ್ಕೆ ಹೋಗುತ್ತಲೇ ಇದ್ದರೆ ಕೆಲಸ ಮುಗಿಯುವುದು ಯಾವಾಗ? ಇದಕ್ಕೆ ಒಂದು ಗಟ್ಟಿ ನೆಲವಿದೆ. ಎಲ್ಲ ಪ್ರೊಸೆಸರ್‌ಗಳಲ್ಲಿ ಉಳಿದ ಕೆಲಸ, ದಾರಿಯಲ್ಲಿರುವ ಸಂದೇಶ ಎಲ್ಲವನ್ನೂ ಸೇರಿಸಿ ನೋಡಿದಾಗ ಸಿಗುವ, ಎಲ್ಲಕ್ಕಿಂತ ಮೊದಲಿನ ಸಮಯ. ಅದನ್ನು ಗ್ಲೋಬಲ್ ವರ್ಚುವಲ್ ಟೈಮ್ ಎನ್ನುತ್ತಾರೆ. ಒಂದು ಘಟನೆ ತನಗಿಂತ ಹಿಂದಿನ ಘಟನೆಯನ್ನು ಹುಟ್ಟಿಸಲಾರದು. ಆದ್ದರಿಂದ ಈ ಗೆರೆಗಿಂತ ಹಿಂದಕ್ಕೆ ಯಾರೂ ಎಂದೂ ಹೋಗಬೇಕಾಗಿಲ್ಲ. ಗೆರೆ ಮುಂದಕ್ಕೆ ಸರಿಯುತ್ತದೆಯೇ ಹೊರತು ಹಿಂದಕ್ಕಲ್ಲ. ಅದರ ಹಿಂದಿರುವ ಹಳೆಯ ಪ್ರತಿಗಳಲ್ಲಿ ಗೆರೆಗೆ ತೀರಾ ಹತ್ತಿರದ ಒಂದನ್ನು ಉಳಿಸಿಕೊಂಡು, ಮಿಕ್ಕದ್ದನ್ನೆಲ್ಲ ಬಿಸಾಡಿ ಮೆಮೊರಿ ಖಾಲಿ ಮಾಡಬಹುದು. ಪರದೆಯ ಮೇಲೆ ತೋರಿಸುವುದು, ಫೈಲ್‌ಗೆ ಬರೆಯುವುದು, ಹೀಗೆ ವಾಪಸ್ ಪಡೆಯಲಾಗದ ಕೆಲಸಗಳನ್ನೂ ಗೆರೆ ದಾಟಿದ ಮೇಲೆ ಮಾತ್ರ ಮಾಡಬೇಕು. ಈ ಗೆರೆಯನ್ನು ಕಂಡುಹಿಡಿಯುವುದೇ ಒಂದು ಕಷ್ಟದ ಲೆಕ್ಕ, ಯಾಕೆಂದರೆ ದಾರಿಯಲ್ಲಿರುವ ಸಂದೇಶ ಕಳಿಸಿದವರ ಲೆಕ್ಕದಲ್ಲೂ ಇರುವುದಿಲ್ಲ, ತಲುಪಬೇಕಾದವರ ಲೆಕ್ಕದಲ್ಲೂ ಇರುವುದಿಲ್ಲ.

ಪ್ರತಿಗಳನ್ನು ಇಟ್ಟುಕೊಳ್ಳುವ ಖರ್ಚು ಟೈಮ್ ವಾರ್ಪ್‌ನ ದೊಡ್ಡ ಹೊರೆಯಾಗಿತ್ತು. 1999ರಲ್ಲಿ ಕ್ರಿಸ್ಟೋಫರ್ ಕ್ಯಾರೊದರ್ಸ್, ಕಲ್ಯಾಣ್ ಪೆರುಮಳ್ಳ ಮತ್ತು ಫ್ಯುಜಿಮೊಟೊ ಅದಕ್ಕೊಂದು ದಾರಿ ತೋರಿಸಿದರು. ಪ್ರತಿ ಇಟ್ಟುಕೊಳ್ಳುವ ಬದಲು ಲೆಕ್ಕವನ್ನೇ ಹಿಂದುಮುಂದಾಗಿ ಓಡಿಸು. ಸ್ಟೇಷನ್‌ನಲ್ಲಿ ನಿಂತ ರೈಲುಗಳ ಸಂಖ್ಯೆಗೆ ಒಂದು ಕೂಡಿಸಿದ್ದರೆ, ವಾಪಸ್ ಬರುವಾಗ ಒಂದು ಕಳೆ. ಹಳೆಯ ಸಂಖ್ಯೆ ನೆನಪಿಡಬೇಕಾಗಿಯೇ ಇಲ್ಲ. ಎಲ್ಲ ಲೆಕ್ಕವೂ ಹೀಗೆ ತಿರುಗುವುದಿಲ್ಲ. ಹಳೆಯ ಬೆಲೆಯನ್ನು ಅಳಿಸಿ ಹೊಸದನ್ನು ಬರೆದರೆ ಹಳೆಯದು ಹೋದಂತೆಯೇ, ಅಂಥ ಕಡೆ ಅದನ್ನಷ್ಟೇ ಉಳಿಸಿಕೊಳ್ಳಬೇಕು. ಇದೇ ವಿಚಾರ ಹಿಡಿದು ಪೆರುಮಳ್ಳ 2013ರಲ್ಲಿ ಹಿಂತಿರುಗಿಸಬಲ್ಲ ಲೆಕ್ಕಗಳ ಮೇಲೆ ಒಂದು ಪೂರ್ತಿ ಪುಸ್ತಕವನ್ನೇ ಬರೆದರು.

ಎರಡರಲ್ಲಿ ಯಾವುದು ಒಳ್ಳೆಯದು? ಬಹಳ ವರ್ಷ ನಡೆದ ವಾದ ಇದು. ನನ್ನ ಅನಿಸಿಕೆ ಹೇಳುತ್ತೇನೆ. ಮಾತು ಕೊಡುವ ಶಕ್ತಿ ಚೆನ್ನಾಗಿದ್ದರೆ ಎಚ್ಚರಿಕೆಯ ದಾರಿಯೇ ಸಾಕು. ಅದರ ಕೋಡ್ ಸರಳ, ತಪ್ಪು ಹುಡುಕುವುದು ಸುಲಭ. ಆ ಶಕ್ತಿ ಸೊನ್ನೆಗೆ ಹತ್ತಿರವಿದ್ದು, ತಡವಾಗಿ ಬರುವ ಸಂದೇಶ ಅಪರೂಪವಾಗಿದ್ದರೆ ಟೈಮ್ ವಾರ್ಪ್ ಗೆಲ್ಲುತ್ತದೆ. 'ಹೀಗಾಗಬಹುದು' ಎಂಬ ಭಯಕ್ಕೇ ಎಚ್ಚರಿಕೆಯ ದಾರಿ ಬೆಲೆ ಕೊಡುತ್ತದೆ. ಟೈಮ್ ವಾರ್ಪ್ ನಿಜವಾಗಿ ಆದದ್ದಕ್ಕೆ ಮಾತ್ರ ಬೆಲೆ ಕೊಡುತ್ತದೆ.

ಫ್ಯುಜಿಮೊಟೊ ಅವರ ಪುಸ್ತಕದ ಕೊನೆಯ ಭಾಗ ಬೇರೆಯದೇ ಲೋಕ. ಅಲ್ಲಿ ಸಿಮ್ಯುಲೇಷನ್ ಒಳಗೆ ಮನುಷ್ಯರಿದ್ದಾರೆ. ತರಬೇತಿ ಪಡೆಯುವ ಸೈನಿಕರು ಬೇರೆ ಬೇರೆ ಊರುಗಳಲ್ಲಿ ಕೂತು ಒಂದೇ ಕಾಲ್ಪನಿಕ ಯುದ್ಧಭೂಮಿಯಲ್ಲಿ ಓಡಾಡುತ್ತಾರೆ. ಇಲ್ಲಿ ಕಾಲ ಗೋಡೆ ಗಡಿಯಾರದ ಜೊತೆಗೇ ಸಾಗಬೇಕು, ಮನುಷ್ಯನನ್ನು ರೋಲ್‌ಬ್ಯಾಕ್ ಮಾಡಲಾಗುವುದಿಲ್ಲ. ಅದಕ್ಕೆ ಬಳಸುವ ಉಪಾಯ ಡೆಡ್ ರೆಕನಿಂಗ್. ದೂರದ ವಾಹನ ಹೋಗುತ್ತಿದ್ದ ದಿಕ್ಕಿನಲ್ಲೇ ಹೋಗುತ್ತಿದೆ ಎಂದು ನನ್ನ ಯಂತ್ರ ಅಂದಾಜು ಮಾಡುತ್ತದೆ. ಆ ವಾಹನದ ಯಂತ್ರವೂ ಅದೇ ಅಂದಾಜನ್ನು ಹಾಕಿ, ನಿಜಕ್ಕೂ ಅಂದಾಜಿಗೂ ವ್ಯತ್ಯಾಸ ಜಾಸ್ತಿಯಾದಾಗ ಮಾತ್ರ ಸಂದೇಶ ಕಳಿಸುತ್ತದೆ. ಇಂಥ ಸಿಮ್ಯುಲೇಷನ್‌ಗಳನ್ನು ಜೋಡಿಸಲು ಅಮೆರಿಕದ ರಕ್ಷಣಾ ಇಲಾಖೆ 1990ರ ದಶಕದಲ್ಲಿ ಎಚ್‌ಎಲ್‌ಎ (ಹೈ ಲೆವೆಲ್ ಆರ್ಕಿಟೆಕ್ಚರ್) ಎಂಬ ಚೌಕಟ್ಟು ಕಟ್ಟಿತು. ಅದರ ಕಾಲ ನಿರ್ವಹಣೆಯ ಭಾಗವನ್ನು ರೂಪಿಸಿದವರಲ್ಲಿ ಫ್ಯುಜಿಮೊಟೊ ಮುಖ್ಯರು. ಎಚ್ಚರಿಕೆಯ ದಾರಿಯವರೂ ಟೈಮ್ ವಾರ್ಪ್‌ನವರೂ ಒಂದೇ ಕಡೆ ಸೇರಿ ಓಡಲು ಅಲ್ಲಿ ಜಾಗವಿದೆ.

ಟೈಮ್ ವಾರ್ಪ್ ಎಷ್ಟು ದೂರ ಹೋಗಬಲ್ಲದು ಎಂಬುದಕ್ಕೆ 2013ರಲ್ಲಿ ಒಂದು ಉತ್ತರ ಸಿಕ್ಕಿತು. ಅಮೆರಿಕದ ಲಾರೆನ್ಸ್ ಲಿವರ್‌ಮೋರ್ ಪ್ರಯೋಗಾಲಯದ ಸೆಕೊಯಾ ಮತ್ತು ವಲ್ಕನ್ ಸೂಪರ್‌ಕಂಪ್ಯೂಟರ್‌ಗಳನ್ನು ಜೋಡಿಸಿ, 19,66,080 ಕೋರ್‌ಗಳಲ್ಲಿ (ಪ್ರೊಸೆಸರ್ ಒಳಗಿನ ಲೆಕ್ಕ ಹಾಕುವ ಘಟಕಗಳಲ್ಲಿ), ಒಂದು ಸೆಕೆಂಡಿಗೆ 50,400 ಕೋಟಿ ಘಟನೆಗಳು ಓಡಿದವು. ಅದು ಪರೀಕ್ಷೆಗೆಂದೇ ಕಟ್ಟಿದ ಮಾಡೆಲ್, ನಿಜವಾದ ರೈಲು ಜಾಲವಲ್ಲ. ಆದರೂ ಸುಮಾರು ಇಪ್ಪತ್ತು ಲಕ್ಷ ಕೋರ್‌ಗಳು ಒಂದೇ ಲೋಕದ ಕಾಲವನ್ನು ಕೆಡಿಸದೆ ಹಿಡಿದಿಟ್ಟವು. ಹಿಂದುಮುಂದಾಗಿ ಓಡುವ ಲೆಕ್ಕವೇ ಅಲ್ಲಿ ಕೆಲಸಕ್ಕೆ ಬಂತು. ಇದರ ಬಗ್ಗೆ ಬಂದ ಪ್ರಬಂಧದ ಲೇಖಕರಲ್ಲಿ ಕ್ಯಾರೊದರ್ಸ್ ಇದ್ದರು. 28 ವರ್ಷ ಮೊದಲು ಪ್ರತಿಸಂದೇಶದ ಬಗ್ಗೆ ಬರೆದಿದ್ದ ಜೆಫರ್ಸನ್ ಕೂಡ ಇದ್ದರು.

ಇಷ್ಟು ಓದಿದ ಮೇಲೆ ನನ್ನ ಹಳೆಯ ಪ್ರೋಗ್ರಾಮ್‌ಗೆ ವಾಪಸ್ ಬಂದೆ. ಮೊದಲು ಸ್ಟೇಷನ್‌ಗಳನ್ನು ಸಂಖ್ಯೆ ನೋಡಿ ಸಮನಾಗಿ ಹಂಚಿದ್ದೆ. ಈ ಸಲ ಗುಂಪುಗಳ ನಡುವಿನ ಗೆರೆಯನ್ನು ಅತಿ ಉದ್ದದ ಹಳಿಗಳ ಮೇಲೆ ಎಳೆದೆ, ಅಲ್ಲಿ ಮಾತು ಕೊಡುವ ಶಕ್ತಿ ಜಾಸ್ತಿ. ಗುಂಪುಗಳು ಸ್ವಲ್ಪ ಏರುಪೇರಾದವು, ಆಗಲಿ ಎಂದು ಬಿಟ್ಟೆ. ಖಾಲಿ ಸಂದೇಶಗಳನ್ನು ಸೇರಿಸಿದೆ. ಒಂದೇ ನಿಮಿಷಕ್ಕೆ ಎರಡು ರೈಲು ಬಂದರೆ ಚಿಕ್ಕ ನಂಬರ್‌ನದು ಮೊದಲು ಎಂದು ನಿಯಮ ಬರೆದೆ. ಅದಿಲ್ಲದಿದ್ದರೆ ಸಮಯ ಒಂದೇ ಆದಾಗ ಮತ್ತೆ ಹಳೆಯ ಗೊಂದಲವೇ. ವೇಗ ನಾಲ್ಕು ಪಟ್ಟು ಆಗಲಿಲ್ಲ, ಎರಡು ಪಟ್ಟಿಗಿಂತ ಸ್ವಲ್ಪ ಜಾಸ್ತಿ ಆಯಿತು. ಹತ್ತು ಸಲ ಓಡಿಸಿದೆ. ಹತ್ತು ಸಲವೂ ಪ್ರತಿ ರೈಲು ಕಾದ ಸಮಯ ಒಂಟಿ ಪ್ರೊಸೆಸರ್ ಕೊಟ್ಟಿದ್ದ ಸಮಯದೊಂದಿಗೆ ಕೊನೆಯ ಅಂಕಿಯವರೆಗೂ ಸರಿಹೊಂದಿತು.